ಸಾಕ್ಷಿಕಟ್ಟೆಯಲ್ಲಿ ಗೆಳತಿ

ಕನಜಾವಾ,
ನವೆಂಬರ್ ೧೪

ಪ್ರೀತಿಯ ಮಿಯೋಕೊ,

ಹೇಗಿದ್ದೀಯ? ಮಂಡಿನೋವು ಇಳಿಯಿತೇ? ನೀನು ಕಳಿಸಿದ ಒಣ ಪರ್ಸಿಮನ್ ಹಣ್ಣು ಮುಗಿದು ತಿಂಗಳಾಯಿತು, ನನ್ನ ಉತ್ತರ ಈಗ ಹೊರಡುತ್ತಿದೆ. ಬೈದುಕೋ, ಆದರೆ ಓದು.

ಒಂದು ಮೊಕದ್ದಮೆ ನನ್ನನ್ನು ಹಿಡಿದುಕೊಂಡಿತ್ತು. ವಿಚಾರಣೆ ಶುರುವಾದ ಮೇಲೆ ಕೋರ್ಟಿನೊಳಗೆ ಕ್ಯಾಮೆರಾ ಬಿಡುವುದಿಲ್ಲವಲ್ಲ, ಟಿವಿಯ ಮಧ್ಯಾಹ್ನದ ಸುದ್ದಿಗೆ ಆರೋಪಿಯ ಚಿತ್ರ ನಾನೇ ಬರೆದುಕೊಡಬೇಕು. ಆರೋಪಿ ಇನಾಬಾ, ಅರವತ್ತೆರಡರ ವಿಧವೆ. ನೆರೆಮನೆಯ ಉಗ್ರಾಣಕ್ಕೆ ಬೆಂಕಿ ಇಟ್ಟಳೆಂದು ಆಪಾದನೆ. ಕಂಡೆನೆಂದವಳು ಒಬ್ಬಳೇ, ಆಕೆಯ ಬಾಲ್ಯದ ಗೆಳತಿ ಸೊಗಾ.

ಮೊದಲ ದಿನವೇ ನನಗೆ ಸೊಗಾಳ ಮೇಲೆ ಅನುಮಾನ. ಸಾಕ್ಷಿಕಟ್ಟೆಗೆ ಹೋಗುವಾಗಲೂ ಬರುವಾಗಲೂ ಇನಾಬಾಳ ಮುಂದೆಯೇ ಹಾಯಬೇಕು. ಎರಡು ಸಲವೂ ನೆಲ ನೋಡಿಕೊಂಡೇ ನಡೆದಳು. ನನ್ನ ಪೆನ್ಸಿಲ್ ಆರೋಪಿಯನ್ನು ಬಿಟ್ಟು ಅವಳ ಬಗ್ಗಿದ ಕತ್ತನ್ನೇ ಬರೆಯತೊಡಗಿತು. ಗೇಟಿನಲ್ಲಿ ಚಿತ್ರ ಈಸಿಕೊಳ್ಳಲು ಬಂದ ಟಿವಿಯವನು ರೇಗಿದ.

"ಚಿತೋಸೆಯವರೇ, ಸಾಕ್ಷಿ ಯಾರಿಗೆ ಬೇಕು? ಆರೋಪಿ ಮುಖ ಕೊಡಿ. ನೀವೇನು ಪೊಲೀಸಾ?"

ಮರುದಿನ ಇನಾಬಾಳ ವಕೀಲರು ಸೊಗಾಳನ್ನು ಕೇಳಿದರು. "ಬೆಂಕಿ ಇಟ್ಟವರ ಮುಖ ನೋಡಿದ್ರಾ, ಬರೀ ಕೊಡೆ ನೋಡಿದ್ರಾ?"

"...ಕೊಡೆ."

"ಮತ್ತೆ ಇವರ ಹೆಸರು ಯಾಕೆ ಹೇಳಿದ್ರಿ?"

"ಸಿಟ್ಟಿತ್ತು. ಹಾಡಿನ ಗುಂಪಿಂದ ನನ್ನನ್ನ ಬಿಟ್ಟುಬಿಟ್ಟಿದ್ಲು."

ಮೊನ್ನೆ ಬಿಡುಗಡೆಯ ತೀರ್ಪು ಬಂತು. ಮೊಗಸಾಲೆಯಲ್ಲಿ ಸೊಗಾ ಗೋಡೆಗೆ ಒತ್ತಿಕೊಂಡು ನಿಂತಿದ್ದಳು. ಇನಾಬಾ ಅವಳೆದುರು ನಿಂತಳು.

"ನನ್ನ ಬಾಗಿಲಿಗೆ ಬರ್ಬೇಡ ಕಣೇ. ಆದ್ರೂ ನಿಜ ಹೇಳಿದ್ಯಲ್ಲ, ಇಲ್ದಿದ್ರೆ ನಿನ್ನ ಬಾಯಲ್ಲಿ ನನ್ನ ಹೆಸರು ಹೇಳಿಸಿದ್ದು ಪಕ್ಕದ ಮನೆ ಹುಡುಗ ಅಂತ ನಾನು ಸಾಯೋವರೆಗೂ ಅನುಮಾನಪಡ್ತಿದ್ದೆ."

ನಾನು ಅದನ್ನು ಬರೆಯಲಿಲ್ಲ. ಪೆನ್ಸಿಲ್ ಚೀಲಕ್ಕೆ ಹಾಕಿ ಹೊರಗೆ ಬಂದೆ.

ಚಳಿ ಹತ್ತಿರವಾಯಿತು, ಬೆಚ್ಚಗಿರು. ನಿನ್ನ ನೂಡಲ್ಸ್ ಅಂಗಡಿಯ ಒಲೆ ಆರದಿರಲಿ, ನಿನಗೆ ಆಯಸ್ಸು ಆರೋಗ್ಯ ತುಂಬಿರಲಿ.

ನಿನ್ನ
ಚಿತೋಸೆ

ಮರೆತ ವಿಷಯ: ಮರೆತು ಕೊನೆಗೆ ಬರೆಯುತ್ತಿಲ್ಲ, ಇಷ್ಟು ಹೊತ್ತು ಧೈರ್ಯ ಬರಲಿಲ್ಲ. ಕಲಾಶಾಲೆಯ ಕೊನೆಯ ವರ್ಷ, ನಿನ್ನ ಬಹುಮಾನದ ಚಿತ್ರ ಫೋಟೊದ ಮೇಲಿಟ್ಟು ನಕಲು ತೆಗೆದದ್ದೆಂದು ಮೇಷ್ಟರಿಗೆ ಚಾಡಿ ಹೇಳಿದ್ದು ತಮೊತ್ಸು ಅಲ್ಲ, ನಾನು. ಕಣ್ಣಾರೆ ಏನನ್ನೂ ಕಂಡಿರಲಿಲ್ಲ, ಹೊಟ್ಟೆಕಿಚ್ಚಷ್ಟೆ. ನೀನು ಬರೆಯುವಾಗ ಕೋಣೆಗೆ ಬರುತ್ತಿದ್ದವನು ಅವನೊಬ್ಬನೇ ಎಂದು ನೀನು ಅವನನ್ನು ಶಂಕಿಸಿದೆ, ಅವನೊಂದಿಗೆ ಗೊತ್ತಾಗಿದ್ದ ಮದುವೆ ಮುರಿದುಕೊಂಡೆ, ಕುಂಚ ಬಿಟ್ಟೆ. ನಾನು ಪಕ್ಕದಲ್ಲೇ ಕೂತು ನಿನ್ನ ಕಣ್ಣೀರು ಒರೆಸಿದೆ. ತಮೊತ್ಸುವಿಗೂ ಇದನ್ನೇ ಬರೆದು ಇವತ್ತೇ ಅಂಚೆಗೆ ಹಾಕುತ್ತಿದ್ದೇನೆ.