ಅಮ್ಮನ ಮೂರು ನಿಮಿಷ

ಶಿಯಾನ್,
ನವೆಂಬರ್ ೯, ೧೯೮೪, ಮಧ್ಯಾಹ್ನ

ಪ್ರೀತಿಯ ಶೌಲಿನ್,

ಮಂಡಿ ನೋವು ಹೇಗಿದೆ? ಅಲ್ಲಿ ಆಗಲೇ ಹಿಮ ಬೀಳುತ್ತಿದೆಯಂತೆ. ಕುದುರೆಯಿಂದ ಬೀಳುವ ದೃಶ್ಯಕ್ಕೆ ಬೇರೆ ಯಾರನ್ನಾದರೂ ಹುಡುಕಲು ಆ ಸಿನಿಮಾದ ನಿರ್ದೇಶಕರಿಗೆ ಹೇಳು. ನಲವತ್ತಾರರಲ್ಲಿ ಬೀಳುವುದು ಇಪ್ಪತ್ತರಲ್ಲಿ ಬಿದ್ದ ಹಾಗಲ್ಲ. ನಾವು ಕ್ಷೇಮ. ಕ್ಷೇಮ ಎಂದು ಬರೆದೆನಷ್ಟೇ, ಮೂರು ದಿನದಿಂದ ಸಂಕಲನದ ಮೇಜಿಗೂ ಅಂಚೆ ಕಚೇರಿಗೂ ಓಡಾಡುತ್ತಿದ್ದೇನೆ.

ಮಂಗಳವಾರ ಪರಿಶೀಲನಾ ಸಮಿತಿ ನೀನು ನಿರ್ದೇಶಿಸಿದ ಸಿನಿಮಾ ನೋಡಿತು. ಸ್ಟುಡಿಯೊ ಮುಖ್ಯಸ್ಥ ಕ್ವಾಂಗ್ ಟೀ ಲೋಟದ ಮುಚ್ಚಳ ತಿರುಗಿಸುತ್ತಾ, "ಉದ್ದ ಆಯ್ತು ಯುನ್‌ಝೀ, ಮೂರು ನಿಮಿಷ ತೆಗೀಬೇಕು. ಆ ಮುದುಕಿ ಒಬ್ಳೇ ಕೂತು ಶಾವಿಗೆ ತಿಂತಾಳಲ್ಲ, ಅಲ್ಲೇನೂ ನಡೆಯಲ್ಲ. ಅದನ್ನೇ ಹಾರಿಸಿಬಿಡಿ" ಎಂದರು. ಆ ಮುದುಕಿ ನಿನ್ನ ತಾಯಿ ಎಂದು ನಾನು ಹೇಳಲಿಲ್ಲ. ಹೇಳಿದ್ದರೆ, ಮನೆಯವರನ್ನೆಲ್ಲ ತುರುಕಿದ್ದಾನೆ ಎನ್ನುತ್ತಿದ್ದರು. ಇಂದು ಸಂಜೆ ಐದಕ್ಕೆ ಸಂಕಲನ ಮುಗಿಸಿ ಒಪ್ಪಿಸಬೇಕು. ನಿನಗೆ ಫೋನ್ ಮಾಡಲು ಎರಡು ದಿನ ಅಂಚೆ ಕಚೇರಿಯಲ್ಲಿ ಕಾದೆ. "ಗಾಳಿಗೆ ಲೈನು ಕಿತ್ತೋಗಿದೆ ಅಕ್ಕಾ, ಸುಮ್ನೆ ಮನೆಗೆ ಹೋಗಿ" ಎಂದಳು ಅಲ್ಲಿಯ ಹುಡುಗಿ. ಈ ಕಾಗದ ತಲುಪಲು ಆರು ದಿನ ಬೇಕು. ಸಿನಿಮಾ ನಿನ್ನದು, ಕತ್ತರಿ ಮಾತ್ರ ನನ್ನ ಕೈಯಲ್ಲಿ.

ಒಂಬತ್ತು ವರ್ಷಕ್ಕೆ ನಾಟಕ ಕಂಪನಿ ಸೇರಿ ಪಲ್ಟಿ ಹೊಡೆದೆ. ಕಲಾವಿದರನ್ನು ಹಳ್ಳಿಗೆ ಅಟ್ಟಿದ ಕಾಲದಲ್ಲಿ ಆರು ವರ್ಷ ಹಂದಿ ಕಾಯ್ದೆ. ಹದಿನಾರು ಸಿನಿಮಾಗಳಲ್ಲಿ ಖಳನಾದೆ. ಮೊಟ್ಟೆ ಮಾರುವವಳು ನಿನ್ನ ಮುಖ ಕಂಡು, "ಬಂದ ನೋಡು ಜಮೀನ್ದಾರ, ನಿನಗೆ ಕೊಡಲ್ಲ ಹೋಗು" ಎಂದು ಬುಟ್ಟಿ ಮುಚ್ಚಿದ್ದಳಲ್ಲ! ಕೊನೆಗೂ ನಿನ್ನದೇ ಕಥೆಯನ್ನು ನೀನೇ ನಿರ್ದೇಶಿಸಿದೆ. ದೊಡ್ಡವನಾದ ಮಗನ ಪಾತ್ರ ಮಾಡಿ ತಾಯಿಯ ಸಮಾಧಿ ಮುಂದೆ ಅತ್ತೆ. "ಇಷ್ಟು ವರ್ಷ ಬೇರೆಯವರನ್ನ ಅಳಿಸಿದ್ದೇ ಆಯ್ತು, ಒಂದ್ಸಲ ನಾನೂ ಅಳ್ತೀನಿ ಕಣೇ" ಎಂದಿದ್ದೆ.

ಅಮ್ಮನಿಗೆ ಮಾತ್ರ ನೀನು ಏನನ್ನೂ ಹೇಳಿಕೊಡಲಿಲ್ಲ, ಸುಮ್ಮನೆ ತಿನ್ನು ಎಂದೆ. ಅವರು ಅರ್ಧಕ್ಕೆ ನಿಲ್ಲಿಸಿ, ಇನ್ನೊಂದು ಬಟ್ಟಲು ತುಂಬಿ, ಎದುರಿನ ಖಾಲಿ ಸ್ಟೂಲಿನ ಕಡೆ ತಳ್ಳಿದರು. ಯಾಕೆ ಎಂದು ಮೊನ್ನೆ ಕೇಳಿದೆ. "ಕಂಪನಿಯಿಂದ ಯಾವಾಗ್ಲೂ ಹಸ್ಕೊಂಡೇ ಬರ್ತಿದ್ದ ನನ್ ಮಗ, ಇನ್ನೇನ್ ಮಾಡ್ಲಿ?" ಎಂದು ನನ್ನನ್ನು ದಡ್ಡಿಯಂತೆ ನೋಡಿದರು. ನಾಳೆಯ ಪ್ರದರ್ಶನಕ್ಕೆ ಇಡೀ ಓಣಿಯನ್ನೇ ಕರೆದಿದ್ದಾರೆ. ನೀಲಿ ಕೋಟು ಹೊಲಿಸಿಕೊಂಡು, ದಿನಕ್ಕೆ ಹತ್ತು ಸಲ "ನಾನು ಇರ್ತೀನಲ್ವಾ?" ಎನ್ನುತ್ತಾರೆ. ನಾನು ಒಲೆಯ ಕಡೆ ತಿರುಗಿಕೊಳ್ಳುತ್ತೇನೆ.

ಅಮ್ಮ ನಿನಗೆ ಬೆಚ್ಚಗಿರಲು ಹೇಳಿದ್ದಾರೆ. ಮಗಳು ನಿನ್ನ ಗಡ್ಡದ ಫೋಟೋ ಕೇಳಿದ್ದಾಳೆ.

ನಿನ್ನ,
ಯುನ್‌ಝೀ

ಮರೆಯುವ ಮುನ್ನ: ಐದೂವರೆ ಆಯಿತು, ಅಂಚೆಯವನು ಕಾಯುತ್ತಿದ್ದಾನೆ. ಮೂರು ನಿಮಿಷ ಕತ್ತರಿಸಿ ಒಪ್ಪಿಸಿದೆ. ಕ್ವಾಂಗ್ ಉದ್ದವನ್ನಷ್ಟೇ ನೋಡಿ ಮೊಹರು ಒತ್ತಿದರು. ಸಿನಿಮಾವನ್ನು ನಾಳೆ ಓಣಿಯವರ ಜೊತೆಯಲ್ಲೇ ನೋಡುತ್ತಾರೆ. ಆಮೇಲೆ ನನ್ನ ಕೆಲಸ ಉಳಿಯುತ್ತದೋ ಇಲ್ಲವೋ. ಅಮ್ಮನನ್ನು ನಾನು ಮುಟ್ಟಲಿಲ್ಲ. ತೆಗೆದದ್ದು ನಿನ್ನ ಅಳುವನ್ನು, ಪೂರ್ತಿಯಾಗಿ. ನಿನ್ನ ಜೀವಮಾನದಲ್ಲೇ ಅಷ್ಟು ಚೆನ್ನಾಗಿ ನೀನು ನಟಿಸಿದ್ದಿಲ್ಲ, ನನಗೆ ಗೊತ್ತು. ಬಂದು ಎಷ್ಟು ಬೇಕಾದರೂ ಬೈಯಿ. ಸಿನಿಮಾ ನೋಡಿದ ಮೇಲೆ.