ಕಿವಿ ಚುಚ್ಚುವ ಹಾಡು

ಭಾನುವಾರ, ಮಧ್ಯಾಹ್ನ

ಪ್ರೀತಿಯ ಅಕ್ಕನಿಗೆ,

ನಿನ್ನ ತಂಗಿಯ ನಮಸ್ಕಾರ. ನಿನ್ನ ಎರಡು ಪತ್ರಗಳಿಗೂ ಉತ್ತರ ಬರೆಯಲಿಲ್ಲ, ಎಷ್ಟು ಬೇಕೋ ಅಷ್ಟು ಬೈದುಕೋ. ಫೋನಿನಲ್ಲಿ ಹೇಳೋಣವೆಂದರೆ ಪಕ್ಕದಲ್ಲೇ ತಮ್ಮ ಇರುತ್ತಾನೆ. ನಿನ್ನ ಮೊಣಕಾಲು ಹೇಗಿದೆ? ಭಾವ ಸಿಗರೇಟು ಬಿಟ್ಟರೋ, ಇಲ್ಲ ಬಚ್ಚಿಡುವ ಜಾಗ ಬದಲಾಯಿಸಿದರೋ?

ಹೊಸ ಆಲ್ಬಂ ಮುಗಿಯಿತು ಎಂದು ಬರೆದಿದ್ದೆನಲ್ಲ. ತಮ್ಮ ಸಿಂಥ್ ಕೀಬೋರ್ಡ್ ನುಡಿಸುತ್ತ, ನಾನು ಹಾಡುತ್ತ, ಯಾವ ಕಂಪನಿಯ ಹಂಗೂ ಇಲ್ಲದೆ ಇಷ್ಟು ವರ್ಷ ಎಳೆದುಕೊಂಡು ಬಂದೆವು. ನೆಲಮಾಳಿಗೆಯ ಕ್ಲಬ್ಬುಗಳಲ್ಲಿ ಕಪ್ಪು ಬಟ್ಟೆ ತೊಟ್ಟು, ಹೊಗೆ ಬಿಡುವ ಯಂತ್ರದ ಮುಂದೆ ಕೆಮ್ಮಿ ಕೆಮ್ಮಿ ಹಾಡಿದ್ದಾಯಿತು. "ನಿಮ್ಮ ಡಾರ್ಕ್‌ವೇವ್ ಸಂಗೀತ ಕೇಳಿದ್ರೆ ಕರೆಂಟು ಹೋದ ಹಾಗಾಗುತ್ತೆ ಕಣೇ" ಅಂತ ನೀನು ಗೇಲಿ ಮಾಡುತ್ತಿದ್ದೆ. ಈ ಸಲ ಮೊದಲ ಬಾರಿಗೆ ನಮ್ಮ ಹಾಡುಗಳು ಗ್ರಾಮಫೋನಿನ ಕಾಲದಂಥ ಕಪ್ಪು ತಟ್ಟೆಯಲ್ಲಿ ಬರಬೇಕಿತ್ತು. ಅದರ ಬೆನ್ನಿಗೇ ಊರೂರು ಸುತ್ತುವ ಪ್ರವಾಸ.

ತಟ್ಟೆ ಕೊರೆಯುವಾತ ಫೋನ್ ಮಾಡಿದ. "ಮೇಡಂ, ತಪ್ಪು ತಿಳ್ಕೋಬೇಡಿ. ಕೀಚಲು ಸದ್ದು ವಿಪರೀತ ಇದೆ. ಹೀಗೇ ಕೊರೆದರೆ ನನ್ನ ಯಂತ್ರ ಸುಟ್ಟುಹೋಗುತ್ತೆ, ಕೇಳೋರ ಕಿವೀನೂ ಉಳಿಯಲ್ಲ" ಅಂದ. ನನಗೂ ಚುಚ್ಚುತ್ತಿತ್ತು ಅಕ್ಕ. ಆದರೆ ಸದ್ದುಗಳನ್ನು ಹದವಾಗಿ ಕೂಡಿಸುವ ಮಿಕ್ಸಿಂಗ್ ಕೆಲಸ ಯಾವತ್ತೂ ತಮ್ಮನದೇ. ಬೇಕೆಂದೇ ಹೊಸ ಬಗೆ ಹಿಡಿದಿದ್ದಾನೆ ಅಂದುಕೊಂಡಿದ್ದೆ.

ಹೇಳಿದ ಕೂಡಲೇ ತಮ್ಮ ಉರಿದುಬಿದ್ದ. "ಅವನಿಗೇನು ಗೊತ್ತು ಮಣ್ಣು. ನಿಜ ಹೇಳ್ಬೇಕಂದ್ರೆ ಇನ್ನೂ ಮಂಕಾಗಿದೆ ಚಿಕ್ಕಕ್ಕ. ಸ್ಪೀಕರ್ ಸರಿಯಿಲ್ವೇನೋ, ಬಾ, ಈಗ್ಲೇ ನೋಡೋಣ." ದರ್ಜಿ ಅಂಗಡಿಯ ಮೇಲಿನ ನಮ್ಮ ಕೋಣೆ ನಿನಗೆ ಗೊತ್ತಲ್ಲ, ಸದ್ದು ಹೊರಗೆ ಹೋಗದಿರಲೆಂದು ಕಿಟಕಿಗಳಿಗೆಲ್ಲ ಹಳೆ ಕಂಬಳಿ ಹೊಡೆದಿದ್ದೇವೆ. ಅಲ್ಲಿ ಸಿಂಥ್‌ನಲ್ಲಿ ಒಂದೇ ಒಂದು ಸ್ವರ ಹಿಡಿದು, ಗುಂಡಿ ತಿರುಗಿಸುತ್ತ ಅದನ್ನು ಮೇಲೆ ಮೇಲೆ ಏರಿಸುತ್ತ ಹೋದ. ಮೊದಲು ಕೊಳಲಿನಂತಿತ್ತು, ಆಮೇಲೆ ಸೀಟಿ, ಆಮೇಲೆ ತಲೆಯೊಳಕ್ಕೆ ದಬ್ಬಳ ಹಾಕಿದ ಹಾಗೆ. ನಾನು ಎರಡೂ ಕಿವಿ ಮುಚ್ಚಿಕೊಂಡೆ. ಅವನು ನನಗೆ ಬೆನ್ನು ಮಾಡಿ, ಸ್ಪೀಕರಿಗೆ ಕಿವಿಯಿಟ್ಟು ನಿಂತಿದ್ದ. "ನೋಡಿದ್ಯಾ, ನಾನು ಹೇಳ್ಲಿಲ್ವಾ? ಸ್ಪೀಕರೇ ಸತ್ತಿದೆ. ಸದ್ದೇ ಬರ್ತಿಲ್ಲ" ಅಂದು ಇನ್ನಷ್ಟು ಜೋರು ಮಾಡಿದ.

ಕೆಳಗಿನ ದರ್ಜಿ ಕೊರಳಲ್ಲಿ ಟೇಪು ನೇತಾಡುತ್ತಿದ್ದ ಹಾಗೇ ಮೆಟ್ಟಿಲು ಹತ್ತಿ ಓಡಿಬಂದು, "ಏನಪ್ಪಾ ಇದು, ತಲೆ ಸಿಡೀತಿದೆ, ನಿಲ್ಸಪ್ಪ" ಅಂತ ಕೂಗಿದ. ತಮ್ಮ ತಿರುಗಿದ. ದರ್ಜಿಯ ಕೈಗಳೂ ಕಿವಿಯ ಮೇಲೆ, ನನ್ನ ಕೈಗಳೂ ಕಿವಿಯ ಮೇಲೆ. ಒಮ್ಮೆ ಅವನ ಮುಖ, ಒಮ್ಮೆ ನನ್ನ ಮುಖ ನೋಡಿದ. ಅಪ್ಪ ಹೋದ ದಿನವೂ ತಮ್ಮನ ಮುಖ ಅಷ್ಟು ಬಿಳಿಚಿರಲಿಲ್ಲ. ಸಿಂಥ್ ನಿಲ್ಲಿಸಿದ್ದು ನಾನೇ.

ಕಿವಿ ಡಾಕ್ಟರು ಸುತ್ತಿಬಳಸಲಿಲ್ಲ. "ಸೀಟಿ, ಪಿಸುಮಾತಿನಂಥ ಎತ್ತರದ ಸದ್ದುಗಳು ಹೋಗಿವೆ. ಹೋದದ್ದು ವಾಪಸ್ ಬರಲ್ಲ. ಇರೋದನ್ನ ಉಳಿಸ್ಕೋಬೇಕಂದ್ರೆ ಗದ್ದಲದ ಕೆಲಸ ಬಿಡಿ" ಅಂದರು. ವರ್ಷಗಟ್ಟಲೆ ಕ್ಲಬ್ಬಿನ ಸ್ಪೀಕರುಗಳ ಬುಡದಲ್ಲೇ ನಿಂತಿದ್ದರ ಫಲವಂತೆ. ಇವನೋ, "ಪ್ರವಾಸ ಒಂದು ಮುಗೀಲಿ" ಅನ್ನುತ್ತಾನೆ. ನಾನು ಬೇಡ ಅಂದರೆ "ನಿನಗೆ ಹೆದರಿಕೆ" ಅನ್ನುತ್ತಾನೆ. ಹೌದು, ಹೆದರಿಕೆಯೇ. ನನ್ನ ಮಾತಿಗೆ ಮೂರು ಕಾಸಿನ ಬೆಲೆಯಿಲ್ಲ, ನಿನ್ನ ಮಾತನ್ನಾದರೆ ಮೀರುವುದಿಲ್ಲ. ನೀನೇ ಬಂದು ಕೂರಿಸಿಕೊಂಡು ಹೇಳು. ಪ್ರವಾಸ ಹೋದರೆ ಹೋಗಲಿ, ನಮ್ಮ ಜೋಡಿ ಇಲ್ಲಿಗೇ ಮುಗಿದರೂ ಮುಗಿಯಲಿ, ಉಳಿದಷ್ಟು ಕಿವಿ ಅವನಿಗಿರಲಿ. ನನಗಿನ್ನೂ ನಂಬಿಕೆಯೇ ಬರುತ್ತಿಲ್ಲ ಅಕ್ಕ.

ಭಾವನಿಗೆ ನಮಸ್ಕಾರ, ಮಕ್ಕಳಿಗೆ ಮುತ್ತು. ನಿನ್ನ ಆಶೀರ್ವಾದದಲ್ಲಿ ನನ್ನ ಪಾಲನ್ನೂ ಈ ಸಲ ಅವನಿಗೇ ಕೊಟ್ಟುಬಿಡು.

ನಿನ್ನ,
ತಂಗಿ

ತಾ.ಕ.: ಬೇರೆಯವರಿಂದ ಮಿಕ್ಸಿಂಗ್ ಮಾಡಿಸಿದೆ. ತಟ್ಟೆ ಕೊರೆಯುವಾತ "ಈಗ ಬೆಣ್ಣೆ ಹಾಗಿದೆ ಮೇಡಂ" ಅಂದ, ನನಗೂ ಹಿಡಿಸಿತು. ನಿನ್ನೆ ತಮ್ಮನಿಗೆ ಕೇಳಿಸಿದೆ. ಕೊನೆಯ ಹಾಡನ್ನು ಮೊದಲಿಂದ ಕೊನೆಯವರೆಗೂ ಪಿಸುದನಿಯಲ್ಲೇ ಹಾಡಿದ್ದೇನೆ, ಹಠ ಹಿಡಿದು ಹಾಗೆ ಹಾಡಿಸಿದವನು ಅವನೇ. ಕಣ್ಣು ಮುಚ್ಚಿ ತಲೆದೂಗುತ್ತ ಪೂರ್ತಿ ಕೇಳಿದ. ಮುಗಿದ ಮೇಲೆ ಕಣ್ಣು ಬಿಟ್ಟು, "ಸಿಂಥ್ ಚೆನ್ನಾಗಿ ಕೂತಿದೆ ಚಿಕ್ಕಕ್ಕ. ನಿನ್ನ ದನಿ ಯಾವಾಗ ಸೇರಿಸ್ತಾರೆ?" ಅಂದ.

ಮುಂದಿನ ವಾರ ಅಂದೆ.