ಏಣಿಯ ತುದಿಯಲ್ಲಿದ್ದ ಹುಲಿಗೆಮ್ಮನಿಗೆ

ಪ್ರೀತಿಯ ಹುಲಿಗೆಮ್ಮಾ,

ಹಿರೇಕೊಡಿಗೆಯ ಮೂಕಾಂಬಿಕಕ್ಕ ಬರೆಯುತ್ತಿದ್ದೇನೆ. ಇದನ್ನು ನಿನ್ನ ಮಗಳು ಓದಿ ಹೇಳುತ್ತಾಳೆ ಎಂದು ಗೊತ್ತು. ಅವಳು ನಡುವೆ ಎಲ್ಲೂ ಬಿಟ್ಟು ಓದದಿರಲಿ. ನಿನಗೆ ನಾನು ಮಾಡಿದ ಒಂದು ತಪ್ಪು ಇದರಲ್ಲಿದೆ, ಎರಡು ವರ್ಷದಿಂದ ಗಂಟಲಲ್ಲೇ ಸಿಕ್ಕಿಕೊಂಡಿದೆ.

ರಾಯಚೂರು ಕಡೆಯವರ ಜೊತೆ ನೀನು ನಮ್ಮ ತೋಟಕ್ಕೆ ಕಾಫಿ ಕೊಯ್ಲಿಗೆ ಬಂದೆ. ಉಳಿದ ಹೆಂಗಸರ ಜೊತೆ ಗಂಡಂದಿರಿದ್ದರು, ನಿನ್ನ ಜೊತೆ ಹತ್ತು ವರ್ಷದ ಮಗಳು. ಗಂಡ ಎಲ್ಲಿ ಎಂದರೆ "ಊರಾಗ ಅದಾನ್ರಿ" ಅಂದೆ. ಕೈ ಮೇಲಿನ ಸುಟ್ಟ ಗುರುತು ಎಂತದ್ದು ಎಂದರೆ "ಅವತ್ತೂ ಅವ ಮನ್ಯಾಗ ಇದ್ದನ್ರಿ" ಅಂದೆ. ನಾನು ಮುಂದೆ ಕೇಳಲಿಲ್ಲ.

ಕಾಫಿ ಮುಗಿದು ಎಲ್ಲರೂ ಊರಿಗೆ ಹೊರಟಾಗ ನೀನು ಮಾತ್ರ ಕಾಳುಮೆಣಸು ಕೊಯ್ಯಲು ಉಳಿದೆ. ಒಂಟಿ ಬಿದಿರು ಗಳದ ಏಣಿ ಹತ್ತುವುದು ನಮ್ಮಲ್ಲಿ ಗಂಡಸರ ಕೆಲಸ, ಹೆಂಗಸರು ಕೆಳಗೆ ಉದುರಿದ್ದನ್ನು ಹೆಕ್ಕಬೇಕು. ಏಣಿ ಹತ್ತುವ ನಮ್ಮ ಆಳು ಬೂತಪ್ಪ ನಗಾಡಿದ, "ನಿಂಗೆಂತ ಮರುಳಾ ಮಾರಾಯ್ತಿ? ಕೆಳಗೆ ನೋಡಿದ್ರೆ ತಲೆ ತಿರುಗ್ತದೆ!" ನೀನು ಸೆರಗು ಬಿಗಿದು, "ಕೆಳಗ ನೋಡೂದ್ಯಾಕ್ರೀ? ಮೆಣಸು ಮ್ಯಾಲ ಐತಲ್ಲ" ಅಂದೆ. ವಾರದಲ್ಲಿ ಮೆಣಸಿನ ಬಳ್ಳಿ ಹಬ್ಬಿದ ಸಿಲ್ವರ್ ಮರದ ಅರ್ಧಕ್ಕಿಂತ ಮೇಲೆ ನಿನ್ನ ಕೆಂಪು ಸೀರೆ ಕಾಣತೊಡಗಿತು. ನಾನು ಒಲೆ ಮೇಲಿನ ಹಾಲು ಮರೆತು ಅಂಗಳದಲ್ಲಿ ನಿಂತು ನೋಡುತ್ತಿದ್ದೆ.

ಆಗಲೇ ಆ ಫೋನ್ ಬಂದದ್ದು. ಬಲು ನಯವಾದ ದನಿ, ನಿನ್ನ ಗಂಡನಂತೆ, ಊರಿಗೆ ಹೋದವರು ನಂಬರ್ ಕೊಟ್ಟರಂತೆ. ಹುಲಿಗೆಮ್ಮನ ತಾಯಿಗೆ ಹುಷಾರಿಲ್ಲ, ಕರೆದುಕೊಂಡು ಹೋಗಬೇಕು ಎಂದ. ನನ್ನ ಬಾಯಿಗಿಷ್ಟು ಮಣ್ಣು ಹಾಕ! ಕೊಪ್ಪದಲ್ಲಿ ಇಳಿದು ಬಸ್ಸು ಹತ್ತು, ನಮ್ಮ ಮನೆಯವರ ಹೆಸರು ಹಿಡಿದು ಧರ್ಮಪ್ಪನವರ ತೋಟ ಅಂದರೆ ಗೇಟಿನ ಹತ್ತಿರವೇ ನಿಲ್ಲಿಸುತ್ತಾರೆ ಎಂದು ನಾನೇ ದಾರಿ ಹೇಳಿದೆ. ನಿನ್ನನ್ನು ಒಂದು ಮಾತು ಕೇಳಲಿಲ್ಲ. ಮೂರನೆಯ ದಿನ ಬಂದೇಬಿಟ್ಟ. ಬಂದವರಿಗೆ ಬಾಯಾರಿಕೆ ಕೇಳದೆ ಮಾತಾಡಿಸಿ ಗೊತ್ತಿಲ್ಲವಲ್ಲ ನಮಗೆ? ಬೆಲ್ಲ, ನೀರು, ಕಾಫಿ, ಎರಡು ಕಡುಬು, ಎಲ್ಲ ಕೊಟ್ಟೆ. ತಿಂದು ಕೈ ತೊಳೆದವನಿಗೆ ನೀನಿದ್ದ ಮರವನ್ನು ಇದೇ ಬೆರಳಿನಿಂದ ತೋರಿಸಿದೆ. ಅವನು ಹೋಗುತ್ತಾ ಬೇಲಿಯಿಂದ ಒಂದು ಗೂಟ ಕಿತ್ತುಕೊಂಡಾಗಷ್ಟೇ ನನಗೆ ಅರ್ಥವಾಯಿತು. ಕೆಲಸದ ತುಂಗಾಳನ್ನು ಕೂಗಿಕೊಂಡು ಹಿಂದೆಯೇ ಓಡಿದೆ.

ಬಾಯಿಗೆ ಬಂದದ್ದು ಬೈಯುತ್ತಾ ಅವನು ಏಣಿ ಅಲ್ಲಾಡಿಸುತ್ತಿದ್ದ. ಪಕ್ಕದ ಮರದಲ್ಲಿದ್ದ ಬೂತಪ್ಪ ಅಲ್ಲೇ ಮರಗಟ್ಟಿದ್ದ. ಮೇಲಿಂದ ನಿನ್ನ ದನಿ ಬಂತು, ಒಂಚೂರೂ ನಡುಗದ ದನಿ: "ಅಳ್ಳಾಡ್ಸು. ಬೀಳೂದಾದ್ರ ನಿನ್ನ ಮ್ಯಾಲೇ ಬೀಳ್ತೀನಿ." ಅವನು ಕೈ ತೆಗೆದು ನಾಲ್ಕು ಹೆಜ್ಜೆ ಹಿಂದೆ ಸರಿದ! ಅಳುವಿನ ನಡುವೆ ನಗು ಬಂದುಬಿಟ್ಟಿತು ನನಗೆ. ನಾನೂ ತುಂಗಾಳೂ ಹೋಗಿ ಏಣಿಯ ಬುಡವನ್ನು ಅಪ್ಪಿ ಹಿಡಿದೆವು. ನಮ್ಮ ಮನೆಯವರು ಬಂದು, "ಗಂಡ ಹೆಂಡ್ತಿ ಜಗಳ, ನಮಗೆಂತಕ್ಕೆ?" ಅಂದರು. ಮೂವತ್ತು ವರ್ಷದಲ್ಲಿ ಮೊದಲ ಸಲ ನಾನು ಅವರ ಮೇಲೆ ಜೋರು ಮಾಡಿದೆ, "ನೀವು ಸುಮ್ಮನೆ 112ಕ್ಕೆ ಫೋನ್ ಮಾಡಿ!" ಅವರು ಮಾಡಿದರು.

ಜೀಪು ಬರಲು ಮುಕ್ಕಾಲು ಗಂಟೆ. ಅಷ್ಟು ಹೊತ್ತೂ ನೀನು ಮೆಣಸು ಕೊಯ್ದೆಯಲ್ಲೇ ಮಾರಾಯ್ತಿ! ಕತ್ತೆತ್ತಿದರೆ ಬಿಸಿಲಲ್ಲಿ ನಿನ್ನ ಎರಡು ಹಿಮ್ಮಡಿ ಮಾತ್ರ ಕಾಣುತ್ತಿತ್ತು. ದೇವಸ್ಥಾನದಲ್ಲೂ ನನಗೆ ಹಾಗೆ ಕೈ ಮುಗಿಯಬೇಕು ಅನ್ನಿಸಿದ್ದಿಲ್ಲ. ಚೀಲ ತುಂಬಿಸಿಕೊಂಡೇ ಇಳಿದು, ಮಹಿಳಾ ಪೊಲೀಸಿನ ಎದುರು ಕೂತು, "ಬರ್ಕೊಳ್ರಿ ಮೇಡಂ, ನಾ ಹೇಳ್ತೀನಿ" ಅಂದೆ. ಮದುವೆಯಾದ ವರ್ಷದಿಂದ ಒಂದೊಂದಾಗಿ ಹೇಳಿದೆ. ಕೇಳುತ್ತಾ ನನಗೆ ನನ್ನದೇ ನೆನಪಾಯಿತು. ಹೊಸದರಲ್ಲಿ ಒಮ್ಮೆ ಕೆನ್ನೆ ಊದಿದ್ದಾಗ, ಬಾಗಿಲು ಬಡಿಯಿತು ಎಂದು ಅಮ್ಮನಿಗೆ ಹೇಳಿದ್ದೆ. ಇವತ್ತಿನವರೆಗೂ ಅದು ಬಾಗಿಲೇ ಆಗಿತ್ತು.

ಅವನನ್ನು ಕರೆದುಕೊಂಡು ಹೋದರು. ಆದರೆ ಅವನಿಗೆ ನಮ್ಮ ತೋಟ ಗೊತ್ತಾಗಿತ್ತಲ್ಲ, ಮಗಳನ್ನು ಸೇರಿಸಿದ್ದ ಶಾಲೆ ಬಿಡಿಸಿ ನೀನು ಮತ್ತೆ ಗಂಟು ಕಟ್ಟಬೇಕಾಯಿತು. ಅದು ನನ್ನಿಂದ. ಹೊರಡುವಾಗ ಗೇಟಿನ ಹತ್ತಿರ ನನ್ನ ಕೈ ಹಿಡಿದು, "ಅಕ್ಕಾರ, ಇನ್ನ ಮ್ಯಾಲ ಯಾರರ ಫೋನ್ ಮಾಡಿದ್ರ ನನ್ನ ಊರು ಹೇಳಬ್ಯಾಡ್ರಿ" ಎಂದು ನಕ್ಕೆ. ನಿನಗೆ ಗೊತ್ತಿತ್ತು. ಗೊತ್ತಿದ್ದೂ ನಕ್ಕೆ. ನನಗಾದರೋ ಒಂದು ಕ್ಷಮೆ ಕೇಳಲಿಕ್ಕೂ ನಾಲಿಗೆ ಏಳಲಿಲ್ಲ. ಈಗ ಕೇಳುತ್ತಿದ್ದೇನೆ, ಕ್ಷಮಿಸು ತಂಗಿ.

ಕಳೆದ ಸೋಮವಾರ ಅದೇ ನಯವಾದ ದನಿ ಮತ್ತೆ ಫೋನ್ ಮಾಡಿತು, ಎಲ್ಲಿದ್ದಾಳೆ ಎಂದು. "ಬಾ, ಏಣಿ ಇಲ್ಲೇ ಇದೆ, ಹಿಡಿಯುವ ಹೆಂಗಸರೂ ಇದ್ದೇವೆ" ಅಂದೆ. ಇಟ್ಟುಬಿಟ್ಟ. ಆ ನಂಬರನ್ನು ಮಹಿಳಾ ಪೊಲೀಸಿಗೆ ಕೊಟ್ಟಿದ್ದೇನೆ. ನೀನೂ ಜಾಗ್ರತೆ.

ನೀನಿರುವುದು ಶೃಂಗೇರಿ ದಿಕ್ಕಿಗೋ ನರಸಿಂಹರಾಜಪುರದ ದಿಕ್ಕಿಗೋ ಎಂದು ಇಲ್ಲಿ ಬರೆಯುವುದಿಲ್ಲ. ಮನೆಯವರಿಗೂ ಹೇಳಿಲ್ಲ. ತುಂಗಾ ಬಂದು ನಿನ್ನ ಕೈಗೇ ಕೊಡುತ್ತಾಳೆ. ಕವರಿನ ಮೇಲೆ ನಿನ್ನ ಹೆಸರೊಂದೇ ಇದೆ, ಊರಿಲ್ಲ.

ಮಗಳ ಓದು ನಿಲ್ಲದಿರಲಿ. ಹತ್ತಿದ ಏಣಿಯೆಲ್ಲ ನಿನ್ನನ್ನು ಗಟ್ಟಿಯಾಗಿ ಹೊರಲಿ.

ಏಣಿಯ ಬುಡ ಹಿಡಿದಿದ್ದ ನಿನ್ನ ಅಕ್ಕ,
ಮೂಕಾಂಬಿಕಾ